ಇರುವೆ ಕಟ್ಟಿದ ಹುತ್ತ

ಈಚೆಗೆ ಒಂದು ಅಂತರಕಾಲೇಜು ಭಾಷಣ ಸ್ಪರ್ಧೆಗೆ ತೀರ್ಪು ಕೊಡಲು ಹೋಗಿದ್ದೆ. ವಿಷಯ ‘ನನ್ನ ಮೆಚ್ಚಿನ ಸಾಧಕಿ’. ಎಲ್ಲರಿಗೂ ಗೊತ್ತಿರುವ ಹೆಸರುಗಳು ಒಂದಾದ ಮೇಲೊಂದು ಬಂದು ಹೋದವು. ಕೊನೆಯ ಹೊತ್ತಿಗೆ ಬಿ.ಎ. ಎರಡನೇ ವರ್ಷದ ಹುಡುಗಿಯೊಬ್ಬಳು ಎದ್ದು ನಿಂತು ಬ್ರೆಜಿಲ್‌ನ ಮಿಡ್‌ಫೀಲ್ಡರ್ ಫೊರ್ಮಿಗಾ ಬಗ್ಗೆ ಮಾತಾಡಿದಳು. ಏಳು ವಿಶ್ವಕಪ್, ಏಳು ಒಲಿಂಪಿಕ್ಸ್, 43ನೇ ವಯಸ್ಸಿನವರೆಗೂ ಮೈಮೇಲೆ ದೇಶದ ಜರ್ಸಿ. ತೂಕಡಿಸುತ್ತಿದ್ದ ಸಭೆಗೆ ಎಚ್ಚರವಾಯಿತು. ‘ಮನಸ್ಸಿದ್ದರೆ ಮಾರ್ಗ ಎನ್ನುವುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕೆ?’ ಎಂದು ಕೇಳಿ ಅವಳು ಕೈಮುಗಿದಳು. ಚಪ್ಪಾಳೆ ಬಿತ್ತು. ನಾನೂ ತಟ್ಟಿದೆ. ಮೊದಲ ಬಹುಮಾನವನ್ನೂ ಅವಳಿಗೇ ಕೊಟ್ಟೆವು.

ಬಸ್ಸಿನಲ್ಲಿ ಊರಿಗೆ ಮರಳುವಾಗ ಆ ಪ್ರಶ್ನೆ ಬೆನ್ನು ಹತ್ತಿತು. ಸಾಕ್ಷಿ ಬೇಕೆ? ಬೇಕು. ಯಾಕೆಂದರೆ ಫೊರ್ಮಿಗಾ ಬದುಕು ಆ ಗಾದೆಯ ಪರವಾಗಿ ಸಾಕ್ಷಿ ಹೇಳುವುದಿಲ್ಲ, ಅದರ ವಿರುದ್ಧ ಹೇಳುತ್ತದೆ. 1995ರಿಂದ 2021ರವರೆಗೆ, ಇಪ್ಪತ್ತಾರು ವರ್ಷ ಆಕೆಗೆ ಮನಸ್ಸಿತ್ತು, ಮಾರ್ಗವಿರಲಿಲ್ಲ. ಮಾರ್ಗ ಮಾಡಿಕೊಡಬೇಕಾದವರು ಕೈಕಟ್ಟಿ ಕುಳಿತು, ಆಕೆ ಮುಳ್ಳು ತುಳಿದು ಮಾಡಿದ ಕಾಲುದಾರಿಯನ್ನೇ ತೋರಿಸಿ ‘ರಸ್ತೆ ಇದೆಯಲ್ಲ’ ಎಂದರು. ಆ ಮಾತಿಗೆ ನಾವು ಚಪ್ಪಾಳೆ ತಟ್ಟುತ್ತಿದ್ದೇವೆ. ಸಾಧಕಿಯರ ಕಥೆಗಳನ್ನು ನಾವು ಹೇಳುವ ಕ್ರಮದಲ್ಲೇ ಒಂದು ವಂಚನೆ ಇದೆ ಎನ್ನುವುದು ನನ್ನ ದೂರು. ಬಹುಮಾನ ಕೊಟ್ಟ ನನ್ನ ಮೇಲೂ ಆ ದೂರು ಇದೆ.

ಮೊದಲು ಆ ಹುಡುಗಿಯ ಭಾಷಣದಲ್ಲಿ ಬಾರದೆ ಹೋದ ಒಂದು ಕಾಗದದಿಂದ ಶುರುಮಾಡೋಣ. 1940ರಲ್ಲಿ ಸಾವೊ ಪೌಲೋದ ಪಕಯೆಂಬು ಕ್ರೀಡಾಂಗಣದಲ್ಲಿ ಹೆಂಗಸರು ಫುಟ್‌ಬಾಲ್ ಆಡಿ ತೋರಿಸಿದ್ದರು. ಅದೇ ವರ್ಷ ಒಬ್ಬ ನಾಗರಿಕ ದೇಶದ ಅಧ್ಯಕ್ಷ ಗೆಟುಲಿಯೊ ವರ್ಗಾಸ್‌ಗೆ ಪತ್ರ ಬರೆದು, ಈ ಆಟ ಹೆಣ್ಣುಮಕ್ಕಳ ತಾಯ್ತನಕ್ಕೆ ಕುತ್ತು ತರುತ್ತದೆ, ತಡೆಯಬೇಕು ಎಂದು ಬೇಡಿಕೊಂಡ. 1941ರ ಏಪ್ರಿಲ್‌ನಲ್ಲಿ ಸರ್ಕಾರದ ಆಜ್ಞೆಯೇ ಬಂತು: ಹೆಣ್ಣಿನ ಪ್ರಕೃತಿಗೆ ಒಗ್ಗದ ಆಟಗಳನ್ನು ಹೆಣ್ಣು ಆಡುವಂತಿಲ್ಲ. ಯಾವ ಆಟ ಎಂದು ಅನುಮಾನ ಉಳಿಯಬಾರದಲ್ಲ? ಮಿಲಿಟರಿ ಆಡಳಿತದ ಕಾಲದಲ್ಲಿ, 1965ರಲ್ಲಿ, ಕ್ರೀಡಾ ಮಂಡಳಿ ಪಟ್ಟಿಯನ್ನೇ ಮಾಡಿತು. ಫುಟ್‌ಬಾಲ್, ಒಳಾಂಗಣ ಫುಟ್‌ಬಾಲ್, ಕಡಲ ದಂಡೆಯ ಫುಟ್‌ಬಾಲ್ ಎಲ್ಲವೂ ಅದರಲ್ಲಿದ್ದವು. ಮರಳಿನ ಮೇಲೂ ಚೆಂಡು ಒದೆಯುವಂತಿರಲಿಲ್ಲ. ನಿಷೇಧ ಹೋದದ್ದು 1979ರಲ್ಲಿ. ಹೆಂಗಸರ ಫುಟ್‌ಬಾಲಿಗೆ ನಿಯಮಗಳು ಬಂದದ್ದು 1983ರಲ್ಲಿ.

ಈ ಮೂವತ್ತೆಂಟು ವರ್ಷಗಳ ಒಳಗೇ ಬ್ರೆಜಿಲ್‌ನ ಗಂಡಸರು 1958, 1962, 1970ರ ವಿಶ್ವಕಪ್‌ಗಳನ್ನು ಗೆದ್ದರು. ಮರಕಾನಾ ಕ್ರೀಡಾಂಗಣ ಎದ್ದು ನಿಂತಿತು. ಪೆಲೆ ಲೋಕಕ್ಕೆಲ್ಲ ಪೆಲೆಯಾದರು. ಬ್ರೆಜಿಲ್ ಎಂದರೆ ಫುಟ್‌ಬಾಲಿನ ದೇಶ ಎಂಬ ಮಾತು ನಮ್ಮ ಹಳ್ಳಿಯ ಹುಡುಗರ ಬಾಯಿಗೂ ಬಂತು. ಆ ಮಾತು ಹುಟ್ಟಿ ಬೆಳೆದ ಕಾಲದಲ್ಲಿ ಆ ದೇಶದ ಅರ್ಧದಷ್ಟು ಜನ ಚೆಂಡು ಮುಟ್ಟುವುದು ಕಾನೂನಿಗೆ ವಿರುದ್ಧವಾಗಿತ್ತು. ಆಡಿದವರು ಕದ್ದು ಆಡಿದರು.

ಮಿರೈಲ್ಡೆಸ್ ಮಸಿಯೆಲ್ ಮೋಟಾ ಹುಟ್ಟಿದ್ದು 1978ರ ಮಾರ್ಚ್ 3ರಂದು, ಬಾಯಿಯಾ ರಾಜ್ಯದ ಸಾಲ್ವಡೋರ್‌ನಲ್ಲಿ. ಅಂದರೆ ಆಕೆ ಹುಟ್ಟಿದಾಗ ನಿಷೇಧ ಇನ್ನೂ ಊರ್ಜಿತದಲ್ಲಿತ್ತು. ಕಾನೂನು ಹೋಯಿತು, ಆದರೆ ಕಾನೂನು ಕಲಿಸಿದ ಪಾಠ ಮನೆಗಳಲ್ಲಿ ಉಳಿಯಿತು. ಹುಡುಗರೊಂದಿಗೆ ಚೆಂಡಾಡಿದ್ದಕ್ಕೆ ಅಣ್ಣಂದಿರಿಂದ ಹೊಡೆತ ತಿಂದದ್ದನ್ನು ಆಕೆ ಮುಂದೆ ಹೇಳಿಕೊಂಡಿದ್ದಾರೆ. ಹದಿಹರೆಯದಲ್ಲಿ ‘ಫೊರ್ಮಿಗಾ’ ಎಂಬ ಅಡ್ಡಹೆಸರು ಬಂತು. ಪೋರ್ಚುಗೀಸ್ ಭಾಷೆಯಲ್ಲಿ ಹಾಗೆಂದರೆ ಇರುವೆ. ತನಗಾಗಿ ಆಡದೆ, ಗೂಡಿಗಾಗಿ ದುಡಿಯುವ ಇರುವೆಯ ಹಾಗೆ ತಂಡಕ್ಕಾಗಿ ಓಡುತ್ತಾಳೆ ಎಂದು ಇಟ್ಟ ಹೆಸರು.

ಮಿಡ್‌ಫೀಲ್ಡರ್ ಏನು ಮಾಡುತ್ತಾರೆ ಎಂದು ಫುಟ್‌ಬಾಲ್ ನೋಡದವರಿಗೆ ಹೇಳುವುದು ಸ್ವಲ್ಪ ಕಷ್ಟ. ಗೋಲು ಹೊಡೆದವರ ಹೆಸರು ಪತ್ರಿಕೆಯಲ್ಲಿ ಬರುತ್ತದೆ. ಗೋಲು ತಡೆದವರ ಚಿತ್ರ ಬರುತ್ತದೆ. ನಡುವಿನವರು ಎದುರಾಳಿಯ ಕಾಲಿನಿಂದ ಚೆಂಡು ಕಸಿದು, ತಮ್ಮವರಿಗೆ ಕೊಟ್ಟು, ಬಿಟ್ಟುಹೋದ ಜಾಗಕ್ಕೆ ಓಡಿ ಬಂದು ನಿಂತಿರುತ್ತಾರೆ. ಅದರಲ್ಲೂ ಫೊರ್ಮಿಗಾ ಹೆಚ್ಚು ಆಡಿದ್ದು ರಕ್ಷಣೆಯ ಸಾಲಿನ ಮುಂದೆ, ಉಳಿದವರು ಧೈರ್ಯವಾಗಿ ಮುಂದೆ ನುಗ್ಗಲಿ ಎಂದು ಹಿಂದೆ ಕಾಯುವ ಜಾಗದಲ್ಲಿ. ಮದುವೆ ಮನೆಯಲ್ಲಿ ಊಟ ಹೊಗಳುತ್ತೇವೆ. ಹಿಂದಿನ ರಾತ್ರಿಯೆಲ್ಲ ಕೂತು ತರಕಾರಿ ಹೆಚ್ಚಿದವರು ಯಾರೆಂದು ಕೇಳುವುದಿಲ್ಲ. ಮಾರ್ತಾ ಗೋಲು ಹೊಡೆದಾಗ ಮೈದಾನದ ಇನ್ನೊಂದು ತುದಿಯಲ್ಲಿ ಬಾಗಿ, ಮೊಣಕಾಲ ಮೇಲೆ ಕೈಯಿಟ್ಟು ಉಸಿರು ತೆಗೆದುಕೊಳ್ಳುವವರು ಫೊರ್ಮಿಗಾ.

ಆಟದ ಪಟ್ಟಿ ದೊಡ್ಡದು. 1995ರಲ್ಲಿ ಸ್ವೀಡನ್‌ನಲ್ಲಿ ನಡೆದ ವಿಶ್ವಕಪ್‌ಗೆ ಹೋದಾಗ 17 ವರ್ಷ. 1996ರಲ್ಲಿ ಅಟ್ಲಾಂಟಾದಲ್ಲಿ ಹೆಂಗಸರ ಫುಟ್‌ಬಾಲ್ ಮೊದಲ ಬಾರಿಗೆ ಒಲಿಂಪಿಕ್ಸ್ ಸೇರಿದಾಗ ಅಲ್ಲಿದ್ದರು. 2004 ಮತ್ತು 2008ರಲ್ಲಿ ಒಲಿಂಪಿಕ್ ಬೆಳ್ಳಿ, 2007ರಲ್ಲಿ ವಿಶ್ವಕಪ್ ಫೈನಲ್. 2015ರಲ್ಲಿ, 37ನೇ ವಯಸ್ಸಿನಲ್ಲಿ, ದಕ್ಷಿಣ ಕೊರಿಯಾ ವಿರುದ್ಧ ಹೊಡೆದ ಗೋಲಿನಿಂದ ಮಹಿಳಾ ವಿಶ್ವಕಪ್‌ನಲ್ಲಿ ಗೋಲು ಗಳಿಸಿದ ಅತಿ ಹಿರಿಯ ಆಟಗಾರ್ತಿಯಾದರು. ದೇಶಕ್ಕಾಗಿ ಆಡಿದ ಪಂದ್ಯಗಳು ಇನ್ನೂರಕ್ಕೂ ಹೆಚ್ಚು. ಏಳು ವಿಶ್ವಕಪ್‌ಗಳಲ್ಲಿ ಆಡಿದವರು ಗಂಡಸರಲ್ಲೂ ಇಲ್ಲ, ಹೆಂಗಸರಲ್ಲೂ ಬೇರೆ ಇಲ್ಲ. ಇಷ್ಟನ್ನು ಆ ಹುಡುಗಿಯೂ ಹೇಳಿದ್ದಳು. ಇದೇ ವರ್ಷಗಳಲ್ಲಿ ಮೈದಾನದ ಹೊರಗೆ ಏನಾಗುತ್ತಿತ್ತು ಎನ್ನುವುದನ್ನು ಪಕ್ಕದಲ್ಲಿಟ್ಟು ಓದಿ ನೋಡಿ.

2001ರಲ್ಲಿ ಸಾವೊ ಪೌಲೋ ರಾಜ್ಯದ ಚಾಂಪಿಯನ್‌ಷಿಪ್‌ಗೆ ಆಟಗಾರ್ತಿಯರನ್ನು ಆರಿಸುವಾಗ ಚೆಲುವನ್ನೂ ಒಂದು ಮಾನದಂಡ ಮಾಡಿದರು. ಹೆಣ್ಣುಮಕ್ಕಳು ನೋಡಲು ಚೆನ್ನಾಗಿದ್ದರೆ ಜನ ಬರುತ್ತಾರೆ ಎನ್ನುವ ಲೆಕ್ಕ. ಹದಿನಾಲ್ಕು ವರ್ಷ ಕಳೆದರೂ ಆ ಬುದ್ಧಿ ಹೋಗಿರಲಿಲ್ಲ. 2015ರಲ್ಲಿ ಬ್ರೆಜಿಲ್ ಫುಟ್‌ಬಾಲ್ ಒಕ್ಕೂಟದಲ್ಲಿ ಹೆಂಗಸರ ಆಟದ ಉಸ್ತುವಾರಿ ಹೊತ್ತಿದ್ದ ಅಧಿಕಾರಿಯೊಬ್ಬರು, ಈಗಿನ ಹುಡುಗಿಯರು ಮೇಕಪ್ ಮಾಡಿಕೊಳ್ಳುತ್ತಾರೆ, ಚಡ್ಡಿಗಳೂ ಚಿಕ್ಕದಾಗಿವೆ, ಆಟ ಸುಧಾರಿಸಿದೆ ಎಂಬರ್ಥದ ಮಾತನ್ನು ವಿದೇಶಿ ಪತ್ರಿಕೆಯ ಮುಂದೆಯೇ ಹೇಳಿದರು. ಆ ವರ್ಷವೇ ಫೊರ್ಮಿಗಾ ತಮ್ಮ ಆರನೇ ವಿಶ್ವಕಪ್ ಆಡಿದರು.

2007ರ ಜುಲೈನಲ್ಲಿ ರಿಯೊದಲ್ಲಿ ಪ್ಯಾನ್ ಅಮೆರಿಕನ್ ಕ್ರೀಡಾಕೂಟದ ಫೈನಲ್. ಬ್ರೆಜಿಲ್‌ನ ಹೆಂಗಸರು ಅಮೆರಿಕವನ್ನು 5–0ಯಿಂದ ಸೋಲಿಸಿದರು. ಮರಕಾನಾದಲ್ಲಿ ಅರವತ್ತು ಸಾವಿರಕ್ಕೂ ಹೆಚ್ಚು ಜನ ಸೇರಿದ್ದರು. ಎರಡು ತಿಂಗಳ ನಂತರ ಶಾಂಘೈನಲ್ಲಿ ವಿಶ್ವಕಪ್ ಫೈನಲ್ ಸೋತ ಅದೇ ತಂಡ, ಪದಕ ಪಡೆಯುವ ವೇದಿಕೆಯಲ್ಲೇ ಒಂದು ಬಟ್ಟೆಯನ್ನು ಹಿಡಿದು ನಿಂತಿತು. ಅದರಲ್ಲಿ ಬರೆದದ್ದು, ನಮಗೆ ಬೆಂಬಲ ಬೇಕು ಎಂದು ಬ್ರೆಜಿಲ್‌ಗೆ ಮಾಡಿದ ಮನವಿ. ಲೋಕದಲ್ಲೇ ಎರಡನೇ ಸ್ಥಾನ ಗಳಿಸಿದವರು ಬೆಳ್ಳಿ ಪದಕ ಹಾಕಿಕೊಳ್ಳುವ ಹೊತ್ತಿಗೆ ಭಿಕ್ಷೆಯ ಜೋಳಿಗೆ ಹಿಡಿದ ಹಾಗಿತ್ತು. ನಾಚಬೇಕಾದವರು ಯಾರು, ಹಿಡಿದವರೆ?

2012ರ ಜನವರಿಯಲ್ಲಿ ಸ್ಯಾಂಟೋಸ್ ಕ್ಲಬ್ ತನ್ನ ಮಹಿಳಾ ತಂಡವನ್ನು ಮುಚ್ಚಿತು. ಅದು ದಕ್ಷಿಣ ಅಮೆರಿಕದ ಅತಿ ದೊಡ್ಡ ಕ್ಲಬ್ ಟೂರ್ನಿ ಲಿಬರ್ತಡೋರೆಸ್ ಅನ್ನು 2009, 2010ರಲ್ಲಿ ಎರಡು ಬಾರಿ ಗೆದ್ದ ತಂಡ. ಕಾರಣ: ದುಡ್ಡಿಲ್ಲ. ಕೆಲವೇ ತಿಂಗಳ ಹಿಂದೆ ನೇಮರ್ ಅವರನ್ನು ಉಳಿಸಿಕೊಳ್ಳಲು ಅದೇ ಕ್ಲಬ್ ಭಾರೀ ಸಂಬಳದ ಒಪ್ಪಂದ ಮಾಡಿಕೊಂಡಿತ್ತು. ದುಡ್ಡಿಲ್ಲ ಎನ್ನುವ ಮಾತಿಗೆ ಬಹಳ ಸಲ ‘ನಿಮಗೆ ಕೊಡಲು ಇಲ್ಲ’ ಎಂದೇ ಅರ್ಥ.

ಇನ್ನೊಂದು. ಬ್ರೆಜಿಲ್‌ನಲ್ಲಿ ಮಹಿಳೆಯರ ದೇಶಮಟ್ಟದ ಪಂದ್ಯಾವಳಿಗಳು ಹಿಂದೆಯೂ ಬಿಟ್ಟು ಬಿಟ್ಟು ನಡೆದಿದ್ದವು. ಆದರೆ ವರ್ಷ ವರ್ಷವೂ ನಡೆಯುತ್ತ ಬಂದಿರುವ ಈಗಿನ ರಾಷ್ಟ್ರೀಯ ಲೀಗ್ ಶುರುವಾದದ್ದು 2013ರಲ್ಲಿ. ಆಗ ಫೊರ್ಮಿಗಾಗೆ 35 ವರ್ಷ. ಬಹುತೇಕ ಆಟಗಾರರು ಬೂಟು ಕಳಚಿಡುವ ವಯಸ್ಸು. ಅದುವರೆಗೆ ಆಕೆ ಸ್ವೀಡನ್, ಅಮೆರಿಕ ಎಂದು ಕ್ಲಬ್ ಹುಡುಕಿಕೊಂಡು ಅಲೆದಾಗಿತ್ತು. ನಲವತ್ತರ ಹತ್ತಿರ ಪ್ಯಾರಿಸ್ ಸೇಂಟ್ ಜರ್ಮೈನ್ ಸೇರಿದರು. 2021ರಲ್ಲಿ ಆ ತಂಡ ಲಿಯೊನ್‌ನ ವರ್ಷಗಟ್ಟಲೆಯ ಏಕಸ್ವಾಮ್ಯ ಮುರಿದು ಫ್ರಾನ್ಸ್‌ನ ಚಾಂಪಿಯನ್ ಆದಾಗ ಆಕೆಗೆ 43.

ಇಲ್ಲಿ ಬರುವ ಆಕ್ಷೇಪ ನನಗೆ ಗೊತ್ತು. ‘ಭಾವುಕರಾಗಬೇಡಿ ಸ್ವಾಮಿ, ನೋಡುವವರಿದ್ದರೆ ದುಡ್ಡು ಬರುತ್ತದೆ. ಹೆಂಗಸರ ಆಟ ಯಾರು ನೋಡುತ್ತಾರೆ? ಮಾರುಕಟ್ಟೆಗೆ ಗಂಡು ಹೆಣ್ಣೆಂಬ ಭೇದವಿಲ್ಲ.’ ಕೇಳಲು ನ್ಯಾಯವಾಗಿದೆ. ಆದರೆ ಮಾರುಕಟ್ಟೆಯ ಅಂಗಡಿಗೆ ಬೀಗ ಹಾಕಿದ್ದು ಯಾರು? ಮರಕಾನಾ ತುಂಬಿದ ಜನ ಯಾರು? ಇನ್ನೂ ಹಿಂದೆ ಹೋಗಿ. 1920ರ ಡಿಸೆಂಬರ್ 26ರಂದು ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ, ಗುಡಿಸನ್ ಪಾರ್ಕ್‌ನಲ್ಲಿ, ಕಾರ್ಖಾನೆಯ ಹೆಣ್ಣುಮಕ್ಕಳ ಡಿಕ್ ಕೆರ್ ತಂಡದ ಪಂದ್ಯ ನೋಡಲು 53,000 ಜನ ಬಂದಿದ್ದರು. ಮುಂದಿನ ಡಿಸೆಂಬರ್‌ನಲ್ಲಿ, 1921ರಲ್ಲಿ, ಅಲ್ಲಿನ ಫುಟ್‌ಬಾಲ್ ಸಂಸ್ಥೆ ತನ್ನ ಕ್ಲಬ್‌ಗಳ ಮೈದಾನಗಳಲ್ಲಿ ಹೆಂಗಸರು ಆಡುವುದನ್ನು ನಿಷೇಧಿಸಿತು. ಆ ನಿಷೇಧ ಸುಮಾರು ಅರ್ಧ ಶತಮಾನ ನಡೆಯಿತು. ನೋಡುವವರು ಇಲ್ಲದ್ದಕ್ಕೆ ಆಟ ನಿಲ್ಲಲಿಲ್ಲ. ನೋಡುವವರು ಹೆಚ್ಚಿದ್ದಾಗಲೇ ನಿಲ್ಲಿಸಿದರು. ಒಬ್ಬನ ಕಾಲು ಕಟ್ಟಿ ನಲವತ್ತು ವರ್ಷ ಕೂರಿಸಿ, ಬಿಚ್ಚಿದ ಮರುದಿನವೇ ‘ಓಟದಲ್ಲಿ ಹಿಂದೆ ಬಿದ್ದಿದ್ದಾನೆ, ಓಡುವ ಸ್ವಭಾವವೇ ಇವನದಲ್ಲ’ ಎನ್ನುವುದನ್ನು ಮಾರುಕಟ್ಟೆಯ ನಿಯಮ ಎನ್ನಲಾಗದು.

ಈಗ ಆ ಏಳರ ಸಂಖ್ಯೆಗೆ ಬರೋಣ. 2016ರ ಕೊನೆಗೆ ಫೊರ್ಮಿಗಾ ರಾಷ್ಟ್ರೀಯ ತಂಡಕ್ಕೆ ವಿದಾಯ ಹೇಳಿದ್ದರು. ಆಗ 38. ಸಾಕಾಗಿತ್ತು, ನ್ಯಾಯವೂ ಆಗಿತ್ತು. ಮರುವರ್ಷ ತಂಡದ ಮೊದಲ ಮಹಿಳಾ ಕೋಚ್ ಎಮಿಲಿ ಲೀಮಾ ಅವರನ್ನು ಒಂದು ವರ್ಷವೂ ತುಂಬುವ ಮೊದಲೇ ಒಕ್ಕೂಟ ಕೆಳಗಿಳಿಸಿತು. ಕ್ರಿಸ್ಟಿಯಾನೆ ಸೇರಿ ಕೆಲವು ಆಟಗಾರ್ತಿಯರು ಸಿಟ್ಟಿನಿಂದ ತಂಡ ಬಿಟ್ಟರು. 2018ರಲ್ಲಿ ಹೊಸ ಕೋಚ್, ಅಂದರೆ ಮರಳಿ ಬಂದ ಹಳೆಯ ಕೋಚ್, ಫೊರ್ಮಿಗಾ ಅವರನ್ನು ವಾಪಸು ಬನ್ನಿ ಎಂದು ಕೇಳಿಕೊಂಡರು. ಆ ಜಾಗಕ್ಕೆ ಬೇರೆ ಯಾರೂ ಸಿಕ್ಕಿರಲಿಲ್ಲ. ಇಪ್ಪತ್ತು ಕೋಟಿ ಜನರ ದೇಶ, ಫುಟ್‌ಬಾಲಿನ ದೇಶ. ಅಲ್ಲಿ ಒಬ್ಬ ಮಿಡ್‌ಫೀಲ್ಡರ್‌ಗಾಗಿ ನಲವತ್ತರ ಹೆಂಗಸಿನ ಬಾಗಿಲು ತಟ್ಟಬೇಕಾಯಿತು. ಆಕೆ ಬಂದರು. 2019ರಲ್ಲಿ 41ನೇ ವಯಸ್ಸಿನಲ್ಲಿ ಏಳನೇ ವಿಶ್ವಕಪ್ ಆಡಿದರು.

ಲೋಕ ಅದನ್ನು ದಾಖಲೆ ಎಂದಿತು. ದಾಖಲೆಯೇ ಸರಿ, ಯಾರ ದಾಖಲೆ ಎನ್ನುವುದು ಪ್ರಶ್ನೆ. ಒಂದು ಊರಿನ ಬಾವಿಗೆ ಒಬ್ಬಳೇ ಹೆಂಗಸು ಇಪ್ಪತ್ತಾರು ವರ್ಷ ನೀರು ಸೇದಿ ಊರಿಗೆಲ್ಲ ಕೊಟ್ಟಳು ಎಂದುಕೊಳ್ಳಿ. ಅವಳ ತೋಳಿನ ಬಲಕ್ಕೆ ಕೈಮುಗಿಯೋಣ. ಆದರೆ ಇಪ್ಪತ್ತಾರು ವರ್ಷ ಆ ಊರಿನ ಪಂಚಾಯಿತಿ ಏನು ಮಾಡುತ್ತಿತ್ತು ಎಂದು ಕೇಳದೆ ಅವಳಿಗೆ ಶಾಲು ಹೊದಿಸಿದರೆ, ಆ ಶಾಲು ಮುಚ್ಚುವುದು ಪಂಚಾಯಿತಿಯ ಮಾನವನ್ನು. 1995ರ ವಿಶ್ವಕಪ್‌ನಲ್ಲಿ ಸ್ವೀಡನ್ ಪರ ಆಡಿದ್ದ ಪಿಯಾ ಸುಂಡ್‌ಹಾಗೆ 2019ರಲ್ಲಿ ಬ್ರೆಜಿಲ್‌ಗೆ ಕೋಚ್ ಆಗಿ ಬಂದರು. ಅಷ್ಟರಲ್ಲಿ ಆಕೆ ಆಟ ಬಿಟ್ಟು, ಕೋಚ್ ಆಗಿ, ಅಮೆರಿಕಕ್ಕೆ ಎರಡು ಒಲಿಂಪಿಕ್ ಚಿನ್ನ ಗೆದ್ದುಕೊಟ್ಟಾಗಿತ್ತು. 1995ರಲ್ಲಿ ಎದುರಿದ್ದ ಬ್ರೆಜಿಲ್ ತಂಡದ ಹುಡುಗಿ ಇನ್ನೂ ಅದೇ ಜಾಗದಲ್ಲಿ ಓಡುತ್ತಿದ್ದಳು.

2019ರಲ್ಲಿ ಫ್ರಾನ್ಸ್ ಎದುರು ಸೋತು ಹೊರಬಿದ್ದ ಸಂಜೆ ಮಾರ್ತಾ ಕಣ್ಣೀರಿನಲ್ಲಿ ತಮ್ಮ ದೇಶದ ಹುಡುಗಿಯರಿಗೆ ಹೇಳಿದ್ದು ಇದನ್ನೇ: ಫೊರ್ಮಿಗಾ ಎಂದೆಂದಿಗೂ ಇರುವುದಿಲ್ಲ, ನಾನೂ ಇರುವುದಿಲ್ಲ, ಕ್ರಿಸ್ಟಿಯಾನೆಯೂ ಇರುವುದಿಲ್ಲ, ಇನ್ನು ಈ ಆಟ ಉಳಿಯುವುದು ನಿಮ್ಮಿಂದ. ಲೋಕವೆಲ್ಲ ಆ ಮಾತನ್ನು ಹಂಚಿಕೊಂಡಿತು. ನನಗೆ ಮಾರ್ತಾ ಬಗ್ಗೆ ಗೌರವವಿದೆ. ಆದರೂ ಆ ಮಾತು ತಲುಪಬೇಕಾದ ವಿಳಾಸ ಹುಡುಗಿಯರದಲ್ಲ. ಲೀಗ್ ಕಟ್ಟದವರು, ತಂಡ ಮುಚ್ಚಿದವರು, ಚಡ್ಡಿಯ ಅಳತೆ ನೋಡಿದವರು ಅದನ್ನು ಕೇಳಬೇಕಿತ್ತು. ತಾಳಿದವರು ಬಾಳಿಯಾರು ಎಂದು ನಮ್ಮಲ್ಲೂ ಹೇಳುತ್ತಾರೆ. ಹೆಚ್ಚಾಗಿ ಅದನ್ನು ಹೇಳಿಸಿಕೊಳ್ಳುವವರು ಹೆಣ್ಣುಮಕ್ಕಳು, ಹೇಳುವವರಿಗೆ ತಾಳುವ ಪ್ರಸಂಗವೇ ಬಂದಿರುವುದಿಲ್ಲ.

‘ಹಾಗಾದರೆ ಆಕೆಯ ಛಲಕ್ಕೆ ಬೆಲೆಯೇ ಇಲ್ಲವೇ? ಎಲ್ಲವನ್ನೂ ವ್ಯವಸ್ಥೆಗೆ ಹೊರಿಸಿ ಆಕೆಯನ್ನು ಬರೀ ಬಲಿಪಶು ಮಾಡುತ್ತಿದ್ದೀರಲ್ಲ’ ಎಂದು ಕೇಳಬಹುದು. ಈ ಆಕ್ಷೇಪಕ್ಕೆ ತೂಕವಿದೆ. ಫೊರ್ಮಿಗಾ ಆಡಿದ್ದು ಯಾರದೋ ಒತ್ತಾಯಕ್ಕಲ್ಲ, ಆಟದ ಮೇಲಿನ ಪ್ರೀತಿಗೆ. 41ರಲ್ಲೂ ಇಪ್ಪತ್ತರ ಹುಡುಗಿಯರ ಕಾಲಿನಿಂದ ಚೆಂಡು ಕಸಿಯುವ ಚಾಕಚಕ್ಯತೆಯಲ್ಲಿ ದೀನತೆ ಎಲ್ಲಿದೆ? ಆದರೆ ಆ ಛಲ ಎಷ್ಟು ದೊಡ್ಡದೆಂದು ಅಳೆಯಬೇಕಾದರೂ ಎದುರಿದ್ದ ಗೋಡೆ ಎಷ್ಟು ಎತ್ತರವಿತ್ತೆಂದು ಹೇಳಲೇಬೇಕಲ್ಲ? ಗೋಡೆಯನ್ನು ಮರೆಮಾಚಿ ಜಿಗಿತವನ್ನಷ್ಟೇ ಹೊಗಳಿದರೆ ಜಿಗಿದವರಿಗೂ ಅನ್ಯಾಯ, ಜಿಗಿಯಲಾರದೆ ಕೆಳಗೆ ಬಿದ್ದ ನೂರಾರು ಜನರಿಗೂ ಅನ್ಯಾಯ. ಅವರಿಗೂ ಮನಸ್ಸಿತ್ತು. ಗಾದೆಯ ಪ್ರಕಾರ ನೋಡಿದರೆ ಅವರ ಮನಸ್ಸೇ ಸರಿಯಿರಲಿಲ್ಲ ಎಂದಾಗುತ್ತದೆ.

ಬದಲಾವಣೆ ಆಗಿಲ್ಲವೆಂದಲ್ಲ. 2019ರಿಂದ ಬ್ರೆಜಿಲ್‌ನ ಮೇಲ್ದರ್ಜೆಯ ಪುರುಷರ ಕ್ಲಬ್‌ಗಳು ಮಹಿಳಾ ತಂಡವನ್ನೂ ಹೊಂದಿರಲೇಬೇಕೆಂಬ ನಿಯಮ ಬಂತು. 2020ರಲ್ಲಿ ರಾಷ್ಟ್ರೀಯ ತಂಡದ ಹೆಂಗಸರಿಗೂ ಗಂಡಸರಿಗೂ ಒಂದೇ ದಿನಭತ್ಯೆ ಎಂದು ಒಕ್ಕೂಟ ಘೋಷಿಸಿತು. ಒಂದು ಸುತ್ತೋಲೆಯಲ್ಲಿ ಆಗುವ ಕೆಲಸ ಅದು! ಫೊರ್ಮಿಗಾ ಮೊದಲ ವಿಶ್ವಕಪ್ ಆಡಿ ಇಪ್ಪತ್ತೈದು ವರ್ಷ ಕಳೆದ ಮೇಲೆ ಆಯಿತು. 2027ರ ಮಹಿಳಾ ವಿಶ್ವಕಪ್ ಬ್ರೆಜಿಲ್‌ನಲ್ಲೇ ಎಂದು 2024ರಲ್ಲಿ ನಿರ್ಧಾರವಾಗಿದೆ. ಇರುವೆ ಕಟ್ಟಿದ ಹುತ್ತಕ್ಕೆ ಹಾವು ಬಂದು ಸೇರಿಕೊಂಡಿತು ಎನ್ನುತ್ತಾರೆ ನಮ್ಮ ಹಿರಿಯರು. ಆ ದೇಶದಲ್ಲಿ ಇರುವೆಯ ಹೆಸರೇ ಇರುವೆ. ವೇದಿಕೆಯ ಮೇಲೆ ಕೂತು ‘ನಮ್ಮ ಮಹಿಳಾ ಫುಟ್‌ಬಾಲ್ ಪರಂಪರೆ’ ಎಂದು ಯಾರು ಯಾರು ಮಾತಾಡುತ್ತಾರೆ, ನೋಡುತ್ತಿರಿ.

ಇದೆಲ್ಲ ದೂರದ ದೇಶದ ಮಾತಾಯಿತು ಎನ್ನುವ ಹಾಗಿಲ್ಲ. ಫೊರ್ಮಿಗಾ ದೇಶಕ್ಕಾಗಿ ಆಡಿದ ಕೊನೆಯ ಪಂದ್ಯ 2021ರ ನವೆಂಬರ್ 25ರಂದು ಮನಾಸ್ ನಗರದಲ್ಲಿ ನಡೆಯಿತು. ಎದುರಿಗಿದ್ದ ತಂಡ ಭಾರತ. ನಾವು 1–6ರಿಂದ ಸೋತೆವು. ಆ ಒಂದು ಗೋಲು ಹೊಡೆದ ಪಂಜಾಬಿನ ಮನೀಷಾ ಕಲ್ಯಾಣ್‌ಗೆ ಇಪ್ಪತ್ತು ತುಂಬಲು ಎರಡು ದಿನ ಬಾಕಿಯಿತ್ತು. ಅವಳು ಹುಟ್ಟುವ ಹೊತ್ತಿಗೇ ಫೊರ್ಮಿಗಾ ಎರಡು ವಿಶ್ವಕಪ್, ಎರಡು ಒಲಿಂಪಿಕ್ಸ್ ಮುಗಿಸಿದ್ದರು. ನಮ್ಮ ಪತ್ರಿಕೆಗಳು ಆ ಗೋಲನ್ನು ಸಂಭ್ರಮಿಸಿದವು. ಸಂಭ್ರಮಿಸಬೇಕಾದ್ದೇ.

ಆದರೆ ಫೊರ್ಮಿಗಾ ಮೊದಲ ವಿಶ್ವಕಪ್‌ಗೆ ಹೋದ 1995ರಲ್ಲೇ ನಮ್ಮಲ್ಲೂ ಒಬ್ಬ ಮಿಡ್‌ಫೀಲ್ಡರ್ ದೇಶದ ಜರ್ಸಿ ತೊಟ್ಟಿದ್ದರು: ಮಣಿಪುರದ ಓಯಿನಾಮ್ ಬೆಂಬೆಂ ದೇವಿ. ಆಗ ಅವರಿಗೆ 15. ಚಿಕ್ಕಂದಿನಲ್ಲಿ ಹುಡುಗನ ಹೆಸರಿಟ್ಟುಕೊಂಡು ಹುಡುಗರ ತಂಡದಲ್ಲಿ ಆಡಿದವರು. 2016ರಲ್ಲಿ ಅಂತರರಾಷ್ಟ್ರೀಯ ಆಟ ಬಿಟ್ಟರು. ಈ ಇಪ್ಪತ್ತೊಂದು ವರ್ಷಗಳಲ್ಲಿ ನಮ್ಮ ದೇಶಕ್ಕೆ ಹೆಂಗಸರ ರಾಷ್ಟ್ರೀಯ ಕ್ಲಬ್ ಲೀಗ್ ಎಂಬುದೇ ಇರಲಿಲ್ಲ. ನಡುವೆ 2009ರಲ್ಲಿ, ತಂಡ ಪಂದ್ಯಗಳನ್ನೇ ಆಡದ ಕಾರಣ ಫಿಫಾ ರ‍್ಯಾಂಕಿಂಗ್ ಪಟ್ಟಿಯಿಂದ ಭಾರತದ ಹೆಸರೇ ಬಿದ್ದುಹೋಗಿತ್ತು. ಇಂಡಿಯನ್ ವಿಮೆನ್ಸ್ ಲೀಗ್‌ನ ಮೊದಲ ಆವೃತ್ತಿ ಮುಗಿದದ್ದು 2017ರಲ್ಲಿ, ಬೆಂಬೆಂ ವಿದಾಯ ಹೇಳಿದ ಮೇಲೆ. ಅವರಿಗೆ 2017ರಲ್ಲಿ ಅರ್ಜುನ, 2020ರಲ್ಲಿ ಪದ್ಮಶ್ರೀ ಬಂತು. ಮಾರ್ಗ ಬೇಕಾಗಿದ್ದ ಕಾಲಕ್ಕೆ ಮಾರ್ಗವಿಲ್ಲ, ಮುಗಿದ ಮೇಲೆ ಪದಕ. ಬ್ರೆಜಿಲ್‌ಗೆ ಕನಿಷ್ಠ ಒಂದು ನಿಷೇಧದ ಕಾನೂನಿತ್ತು, ಬೈಯಲು ಒಂದು ಕಾಗದವಿದೆ. ನಾವು ಕಾಗದದ ಖರ್ಚೂ ಇಲ್ಲದೆ ಅದೇ ಕೆಲಸ ಮಾಡಿದೆವು.

ಹಾಗಾಗಿ ಭಾಷಣ ಬರೆಯುವ, ಲೇಖನ ಬರೆಯುವ ಗೆಳೆಯರಲ್ಲಿ ನನ್ನ ಕೋರಿಕೆ ಇಷ್ಟೇ. ಫೊರ್ಮಿಗಾ ಬಗ್ಗೆ ಖಂಡಿತ ಬರೆಯಿರಿ, ಬೆಂಬೆಂ ಬಗ್ಗೆಯೂ ಬರೆಯಿರಿ. ‘ಏಳು ವಿಶ್ವಕಪ್’ ಎಂದು ಬರೆದ ಸಾಲಿನ ಪಕ್ಕದಲ್ಲಿ 1941 ಎಂದೂ, 2013 ಎಂದೂ ಬರೆಯಿರಿ. ಆಗ ನಿಮ್ಮ ಕಥೆಯಲ್ಲಿ ನಾಯಕಿಯ ಜೊತೆಗೆ ಸಾಲಗಾರರೂ ಬರುತ್ತಾರೆ. ಸಭೆಯಲ್ಲಿ ಚಪ್ಪಾಳೆ ಸ್ವಲ್ಪ ಕಡಿಮೆ ಬೀಳಬಹುದು, ಬೀಳಲಿ.

ಆ ಹುಡುಗಿಯ ಹೆಸರು, ಕಾಲೇಜು ನನ್ನ ಬಳಿ ಇದೆ. ಇದನ್ನು ಅವಳಿಗೆ ಕಳಿಸುತ್ತಿದ್ದೇನೆ. ಅವಳ ಮಾತಿನಲ್ಲಿ ತಪ್ಪಿರಲಿಲ್ಲ, ಕೊನೆಯ ಪ್ರಶ್ನೆ ಮಾತ್ರ ತಪ್ಪು ದಿಕ್ಕಿಗೆ ಹೋಗಿತ್ತು. ಅಂದು ತೀರ್ಪುಗಾರರ ಕುರ್ಚಿಯಲ್ಲಿ ಕೂತಿದ್ದ ನಾನು ಅದನ್ನು ಅಲ್ಲೇ ಹೇಳಬೇಕಿತ್ತು. ಹೇಳದೆ ಚಪ್ಪಾಳೆ ತಟ್ಟಿದೆ.